ಅನುದಾನ ತಂದವರ ಹೆಸರು ಲೇಖಕರ ಪಟ್ಟಿಯಲ್ಲಿ ಇರಬೇಕೇ?

ಪ್ರಶ್ನೆ:
ಸಂಶೋಧನಾ ಲೇಖನ ಜರ್ನಲ್‌ಗೆ ಕಳಿಸಲು ಸಿದ್ಧವಿದೆ. ಅನುದಾನ ತಂದುಕೊಟ್ಟ ವಿಭಾಗ ಮುಖ್ಯಸ್ಥರು ಕರಡು ಓದಿಲ್ಲ, ಆದರೂ ತಮ್ಮ ಹೆಸರು ಸೇರಿಸಿ ಎನ್ನುತ್ತಿದ್ದಾರೆ. ದತ್ತಾಂಶವನ್ನೆಲ್ಲ ವಿಶ್ಲೇಷಿಸಿಕೊಟ್ಟವರು ಕೆಲಸ ಬಿಟ್ಟು ಹೋಗಿದ್ದಾರೆ, ಅವರ ಹೆಸರು ಹಾಕುವುದು ಬೇಡವಂತೆ. ಏನು ಮಾಡುವುದು?

ಉತ್ತರ 1:
ಎರಡೂ ತಪ್ಪು. ಮೊದಲನೆಯದು ಗಿಫ್ಟ್ ಆಥರ್‌ಶಿಪ್, ಅಂದರೆ ಅರ್ಹತೆ ಇಲ್ಲದವರನ್ನು ಲೇಖಕರೆಂದು ಸೇರಿಸುವುದು; ಎರಡನೆಯದು ಘೋಸ್ಟ್ ಆಥರ್‌ಶಿಪ್, ಅಂದರೆ ಅರ್ಹರ ಹೆಸರು ಮರೆಮಾಚುವುದು. ವೈದ್ಯಕೀಯ ಜರ್ನಲ್ ಸಂಪಾದಕರ ಅಂತರರಾಷ್ಟ್ರೀಯ ಸಮಿತಿ, ಅಂದರೆ ಐಸಿಎಂಜೆಇ, ಲೇಖಕರಿಗೆ 4 ಷರತ್ತು ಹಾಕಿದೆ: ಅಧ್ಯಯನದ ವಿನ್ಯಾಸದಲ್ಲೋ, ದತ್ತಾಂಶದ ಸಂಗ್ರಹ, ವಿಶ್ಲೇಷಣೆ, ಅರ್ಥೈಸುವಿಕೆಯಲ್ಲೋ ಗಣನೀಯ ಪಾಲು, ಕರಡು ಬರೆದಿರುವುದು ಅಥವಾ ವಿಮರ್ಶಾತ್ಮಕವಾಗಿ ತಿದ್ದಿರುವುದು, ಅಂತಿಮ ಪ್ರತಿಗೆ ಒಪ್ಪಿಗೆ, ಇಡೀ ಕೆಲಸಕ್ಕೆ ಉತ್ತರದಾಯಿತ್ವ. ನಾಲ್ಕೂ ಇರಬೇಕು. ಅನುದಾನ ತಂದದ್ದು, ತಂಡದ ಸಾಮಾನ್ಯ ಮೇಲ್ವಿಚಾರಣೆ, ಭಾಷೆ ತಿದ್ದಿದ್ದು ಇಷ್ಟೇ ಆದರೆ ಕೃತಜ್ಞತೆಯ ಭಾಗದಲ್ಲಿ ಹೆಸರು ಹಾಕಿ.

ಎಡವುವುದು ಇಲ್ಲಿ: ವಿಶ್ಲೇಷಣೆ ಮಾಡಿದವರಿಗೆ ಕರಡನ್ನೇ ತೋರಿಸದೆ, ಆಮೇಲೆ ‘ಅವರು ಕರಡು ತಿದ್ದಿಲ್ಲವಲ್ಲ’ ಎಂದು ಕೈಬಿಡುತ್ತಾರೆ. ಆ ಮಾರ್ಗಸೂಚಿಯೇ ಇದನ್ನು ಒಪ್ಪುವುದಿಲ್ಲ. ಮೊದಲ ಷರತ್ತು ಪೂರೈಸಿದವರಿಗೆಲ್ಲ ಉಳಿದವನ್ನು ಪೂರೈಸುವ ಅವಕಾಶ ಸಿಗಲೇಬೇಕು. ಇವತ್ತೇ ಅವರಿಗೆ ಕರಡು ಮೇಲ್ ಮಾಡಿ, ಉತ್ತರಕ್ಕೆ ದಿನಾಂಕವನ್ನೂ ತಿಳಿಸಿ.

ಪ್ರಶ್ನೆ ಕೇಳಿದವರು:
ಮುಖ್ಯಸ್ಥರು ಈಗ ಕರಡು ಓದಿ ತಿದ್ದಿಕೊಟ್ಟರೆ?

ಉತ್ತರ 2:
ಸಾಲದು. ಮೊದಲ ಷರತ್ತು ಹಾಗೇ ಬಾಕಿ ಉಳಿಯುತ್ತದೆ. ಫಲಿತಾಂಶವನ್ನು ಅರ್ಥೈಸುವುದರಲ್ಲಿ ನಿಜಕ್ಕೂ ಹೊಸದೇನಾದರೂ ಕೊಟ್ಟರೆ ಮಾತ್ರ ಬೇರೆ ಮಾತು.

ನೇರವಾಗಿ ‘ಬೇಡ’ ಅನ್ನುವುದು ಕಿರಿಯರಿಗೆ ಕಷ್ಟ. ಅದಕ್ಕೇ ಸಂಶೋಧನೆಯಲ್ಲಿ ಯಾರ ಕೆಲಸ ಯಾವುದೆಂದು ಗುರುತಿಸುವ ಕ್ರೆಡಿಟ್ (CRediT) ಎಂಬ ಪಾತ್ರಪಟ್ಟಿ ಬಳಸಿ: ಅದರಲ್ಲಿ 14 ಪಾತ್ರಗಳಿವೆ. ಪ್ರತಿಯೊಬ್ಬರ ಮುಂದೆ ಅವರವರ ಪಾತ್ರ ಬರೆದು ಎಲ್ಲರಿಗೂ ಕಳಿಸಿ. ಮಾತು ವ್ಯಕ್ತಿಯಿಂದ ಕೆಲಸದ ಕಡೆಗೆ ತಿರುಗುತ್ತದೆ. ಒಂದು ಎಚ್ಚರಿಕೆ: ಆ ಪಟ್ಟಿಯಲ್ಲಿ ಅನುದಾನ ಗಳಿಕೆಯೂ ಒಂದು ಪಾತ್ರ. ‘ನೋಡಿ, ನನ್ನದೂ ಇದೆ’ ಎಂಬ ವಾದ ಬಂದೇ ಬರುತ್ತದೆ. ಯಾರು ಏನು ಮಾಡಿದರು ಎಂಬುದನ್ನಷ್ಟೇ ಆ ಪಟ್ಟಿ ಹೇಳುತ್ತದೆ, ಲೇಖಕರು ಯಾರೆಂದು ತೀರ್ಮಾನಿಸುವುದಿಲ್ಲ. ದತ್ತಾಂಶದಲ್ಲಿ ದೋಷ ಕಂಡರೆ ಲೇಖಕರ ಪಟ್ಟಿಯಲ್ಲಿರುವ ಎಲ್ಲರೂ ಉತ್ತರ ಹೇಳಬೇಕಾಗುತ್ತದೆ ಎಂಬುದನ್ನೂ ಮುಖ್ಯಸ್ಥರಿಗೆ ತಿಳಿಸಿ. ಓದದ ಲೇಖನಕ್ಕೆ ಸಹಿ ಹಾಕುವುದು ಅವರಿಗೂ ಅಪಾಯ.

ಉತ್ತರ 3:
ಕಳಿಸುವ ಮೊದಲೇ ಇತ್ಯರ್ಥ ಮಾಡಿಕೊಳ್ಳಿ. ಸಲ್ಲಿಸಿದ ಮೇಲೆ ಹೆಸರು ಸೇರಿಸಲು ಅಥವಾ ತೆಗೆಯಲು ಜರ್ನಲ್ ಕಾರಣ ಕೇಳುತ್ತದೆ, ಎಲ್ಲ ಲೇಖಕರ ಲಿಖಿತ ಒಪ್ಪಿಗೆಯನ್ನೂ ಕೇಳುತ್ತದೆ, ತೆಗೆಯಬೇಕಾದವರದ್ದೂ ಬೇಕು. ಜಗಳವಾದರೆ ಸಂಪಾದಕರು ಪಂಚಾಯಿತಿ ಮಾಡುವುದಿಲ್ಲ, ನಿಮ್ಮ ಸಂಸ್ಥೆಯೇ ತನಿಖೆ ಮಾಡಲಿ ಎನ್ನುತ್ತಾರೆ. ಆಗ ಕೈಗೆ ಬರುವುದು ತಾರೀಖು ಇರುವ ಮೇಲ್‌ಗಳು, ಕರಡಿನ ಹಳೆಯ ಪ್ರತಿಗಳು, ವಿಶ್ಲೇಷಣೆಯ ಮೂಲ ಫೈಲ್‌ಗಳು. ಒಂದನ್ನೂ ಅಳಿಸಬೇಡಿ.