ಸಹಾಯ ಬೇಕು: ಸಹಕಾರ ಸಂಘದ ಅನರ್ಹ ಮತದಾರರ ಪಟ್ಟಿ

ನಮ್ಮ ಪ್ರಾಥಮಿಕ ಕೃಷಿ ಪತ್ತಿನ ಸಹಕಾರ ಸಂಘದಲ್ಲಿ, ಮಹಾಸಭೆಗಳಿಗೆ ಗೈರುಹಾಜರಿ ಎಂದು ಹಲವು ಸದಸ್ಯರನ್ನು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ 20ನೇ ಕಲಮಿನಡಿ ಅನರ್ಹರ ಪಟ್ಟಿಗೆ ಹಾಕಿದ್ದಾರೆ. ಇವರಲ್ಲಿ ಯಾರೂ ಸುಸ್ತಿದಾರರಲ್ಲ (ಸಾಲ ಬಾಕಿ ಉಳಿಸಿಕೊಂಡವರಲ್ಲ). ಸಭೆಯ ನೋಟಿಸೇ ತಲುಪಿಲ್ಲ ಎಂಬುದು ಇವರ ವಾದ. ಹಾಜರಿ ಪುಸ್ತಕ, ಅಂಚೆ ರಸೀದಿಗಳ ದೃಢೀಕೃತ ನಕಲು ಕೇಳಿ ಅರ್ಜಿ ಕೊಟ್ಟು ಸ್ವೀಕೃತಿ ಪಡೆದಾಗಿದೆ. ಕರಡು ಪಟ್ಟಿಗೆ ಆಕ್ಷೇಪಣೆಯನ್ನೂ ಸಲ್ಲಿಸಿದ್ದಾರೆ.

ಇಂಥ ಪಟ್ಟಿಯನ್ನು ಪ್ರಶ್ನಿಸಿದ ರಿಟ್ ಅರ್ಜಿಗಳಲ್ಲಿ ಹೈಕೋರ್ಟ್ ಅರ್ಜಿದಾರರಿಗೆ ಮತ ಹಾಕಲು ಬಿಟ್ಟು, ಆ ಮತಗಳನ್ನು ಪ್ರತ್ಯೇಕ ಪೆಟ್ಟಿಗೆಯಲ್ಲಿ ಇರಿಸಿದ್ದುಂಟು. ಆದರೆ ಅದರ ಲಾಭ ಸಾಮಾನ್ಯವಾಗಿ ಅರ್ಜಿದಾರರಿಗಷ್ಟೇ. ಕೋರ್ಟಿಗೆ ಹೋಗಲಾಗದ ರೈತರು ಹೊರಗೇ ಉಳಿಯುವುದು ಅನ್ಯಾಯ. ಹಾಗಾಗಿ ಎಲ್ಲರನ್ನೂ ಒಂದೇ ಅರ್ಜಿಯಲ್ಲಿ ಸೇರಿಸಬಹುದೇ? ಕೋರ್ಟ್ ಶುಲ್ಕ ತಲಾ ಕಟ್ಟಬೇಕೇ? ತಡವಾದರೆ, ಚುನಾವಣೆ ಮುಗಿದ ಮೇಲೆ ಅದೇ ಕಾಯ್ದೆಯ 70ನೇ ಕಲಮಿನಡಿ (ಸಂಘದ ವಿವಾದಗಳಿಗೆ ಸಂಬಂಧಿಸಿದ್ದು) ದಾವೆ ಹೂಡಿ ಎಂದು ಕೋರ್ಟ್ ಹೇಳಬಹುದೆಂಬ ಭಯವಿದೆ. ಹೈಕೋರ್ಟಿನ ಧಾರವಾಡ ಅಥವಾ ಕಲಬುರಗಿ ಪೀಠದ ಇಂಥ ಮಧ್ಯಂತರ ಆದೇಶದ ಪ್ರತಿ ಇದ್ದವರು ದಯವಿಟ್ಟು ಹಾಕಿ.