ಬುರ್ಖಾ ಹಾಕಿದವಳು ನೀರಿನ ವಿಷಯ ಎತ್ತಿದರೆ ಯಾರೂ ಕೇಳುವುದಿಲ್ಲವೇಕೆ?

ಪ್ರಶ್ನೆ: ಪಂಚಾಯಿತಿ ಸದಸ್ಯೆ, ಪಾವಗಡ ತಾಲ್ಲೂಕು

ನಾನು ಗ್ರಾಮ ಪಂಚಾಯಿತಿ ಸದಸ್ಯೆ. ಕಪ್ಪು ಬುರ್ಖಾ ಹಾಕುತ್ತೇನೆ, ಮುಖ ಮುಚ್ಚುವುದಿಲ್ಲ. ನಮ್ಮ ಕಡೆ ಕೊಳವೆಬಾವಿ ನೀರಿನ ಫ್ಲೋರೈಡ್ ಹಳೆಯ ಪೀಡೆ. ಲೀಟರಿಗೆ 1.5 ಮಿಲಿಗ್ರಾಂ ದಾಟಬಾರದು. ಶಾಲೆಯ ಪಕ್ಕದ ಕೊಳವೆಬಾವಿಯಲ್ಲಿ ದಾಟಿದೆ. ಶುದ್ಧ ನೀರಿನ ಘಟಕ ಕೆಟ್ಟು ನಿಂತಿದೆ.

ಪರೀಕ್ಷಾ ವರದಿ ಹಿಡಿದು ಸಭೆಯಲ್ಲಿ ಎದ್ದು ನಿಂತರೆ ಹಿರಿಯ ಸದಸ್ಯರೊಬ್ಬರು, 'ಯಜಮಾನರು ಬರಲಿಲ್ಲವೇನಮ್ಮ?' ಎಂದರು. ಇನ್ನೊಬ್ಬರಿಗೆ ನನ್ನ ಬುರ್ಖಾದ ಚಿಂತೆ: 'ಈ ಬಿಸಿಲಲ್ಲಿ ಸೆಖೆಯಾಗುವುದಿಲ್ಲವೇ?' ಆಗುತ್ತದೆ ಸ್ವಾಮಿ, ಸಭಾಂಗಣದ ಫ್ಯಾನೂ ತಿರುಗುವುದಿಲ್ಲ. ಕೊನೆಗೆ 'ನೀರು ಕುದಿಸಿ ಕುಡಿಯಲಿ ಬಿಡಿ' ಎಂದು ವಿಷಯ ಮುಗಿಸಿದರು. ಕುದಿಸಿದರೆ ಫ್ಲೋರೈಡ್ ಹೋಗುವುದಿಲ್ಲ, ನೀರು ಆವಿಯಾದಷ್ಟೂ ಅದರ ಪ್ರಮಾಣ ಏರುತ್ತದೆ ಎಂದೆ. ಅಷ್ಟರಲ್ಲಿ ಬೀದಿದೀಪದ ಚರ್ಚೆ ಶುರುವಾಗಿತ್ತು.

2022ರ ಹಿಜಾಬ್ ವಿವಾದದ ಸಮಯದಲ್ಲಿ ಇವರೇ ನನ್ನನ್ನು ಹುಡುಕಿಕೊಂಡು ಬಂದು ಅಭಿಪ್ರಾಯ ಕೇಳಿದ್ದರು. ತಲಾಖ್ ಬಗ್ಗೆಯಂತೂ ಚಹಾ ಕೊಟ್ಟು ಕೂರಿಸಿ ಕೇಳುತ್ತಾರೆ. ನಾನು ಯಾವ ವಿಷಯ ಮಾತನಾಡಬೇಕೆಂಬುದನ್ನು ನನ್ನ ಬಟ್ಟೆ ನೋಡಿಯೇ ತೀರ್ಮಾನಿಸಿದಂತಿದೆ. ಏನು ಮಾಡಲಿ? ಬುರ್ಖಾ ತೆಗೆಯಿರಿ ಎಂಬ ಸಲಹೆ ಮಾತ್ರ ಬೇಡ.

ಉತ್ತರ: ವಕೀಲೆ, ಧಾರವಾಡ

ಅಕ್ಕ, ಹಾಕದವಳ ಪಾಡನ್ನೂ ಕೇಳಿ. ನಾನು ಸೀರೆಯ ಮೇಲೆ ಕರಿ ಕೋಟು ತೊಡುವವಳು, ತಲೆಯ ಮೇಲೆ ಸೆರಗಿಲ್ಲ. ಕಚೇರಿಗಳಲ್ಲಿ ನನ್ನ ಮಾತು ನಡೆಯುತ್ತದೆ, ಹೆಸರು ಹೇಳುವವರೆಗೆ. ಆಮೇಲೆ 'ನಿಮ್ಮನ್ನು ನೋಡಿದರೆ ಹಾಗೆ ಅನಿಸುವುದೇ ಇಲ್ಲ' ಎಂಬ ಹೊಗಳಿಕೆ ಬೇರೆ. ವಿಚ್ಛೇದಿತ ಮುಸ್ಲಿಂ ಮಹಿಳೆಯೂ ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಮಿನಡಿ ಜೀವನಾಂಶ ಕೇಳಬಹುದೆಂದು ಸುಪ್ರೀಂ ಕೋರ್ಟ್ 2024ರಲ್ಲಿ ತೀರ್ಪು ಕೊಟ್ಟಿತಲ್ಲ, ಅದನ್ನು ವಿವರಿಸಲು ನಮ್ಮದೇ ಓಣಿಗೆ ಹೋದೆ. 'ಮೊದಲು ತಲೆ ಮುಚ್ಚಿಕೊಂಡು ಬಾ' ಎಂದರು.

ಉತ್ತರ: ನಿವೃತ್ತ ಪಂಚಾಯಿತಿ ಕಾರ್ಯದರ್ಶಿ, ಶಿರಾ

ಸದಸ್ಯರೇ, ಬಾಯಲ್ಲಿ ಹೇಳಿದ್ದು ಕೇಳಿಸಲಿಲ್ಲ ಎಂದು ಜಾರಿಕೊಳ್ಳಬಹುದು, ಬರೆದುಕೊಟ್ಟಿದ್ದಕ್ಕೆ ಹಾಗೆನ್ನಲಾಗದು. ವರದಿಯ ಪ್ರತಿ ಲಗತ್ತಿಸಿ ಪಂಚಾಯಿತಿ ಅಭಿವೃದ್ಧಿ ಅಧಿಕಾರಿಗೆ (ಪಿಡಿಒ) ಅರ್ಜಿ ಕೊಡಿ, ಸ್ವೀಕೃತಿಗೆ ಸೀಲು ಹಾಕಿಸಿಕೊಳ್ಳಿ. ನಡಾವಳಿ ಪುಸ್ತಕದಲ್ಲಿ ನಿಮ್ಮ ಹೆಸರಿನೊಂದಿಗೆ ವಿಷಯ ದಾಖಲಾಯಿತೇ ಎಂದು ಕಣ್ಣಾರೆ ನೋಡಿ. ಉಡುಪಿನಲ್ಲಿ ಸ್ವಲ್ಪ ಸಡಿಲವಾದರೆ ಜನ ಹತ್ತಿರ ಬರುತ್ತಾರೆಂದು ನನ್ನ ಅನಿಸಿಕೆ, ತಪ್ಪು ತಿಳಿಯಬೇಡಿ.

ಪ್ರಶ್ನೆ ಕೇಳಿದವರು

ನಡಾವಳಿಯ ಸಲಹೆಗೆ ವಂದನೆ ಸಾರ್. ಕೊನೆಯ ಸಾಲು ಬೇಡವೆಂದು ಮೊದಲೇ ಹೇಳಿದ್ದೆ. ವಕೀಲರೇ, ಘಟಕದ ನಿರ್ವಹಣೆಯ ಹೆಸರಿನಲ್ಲಿ ಬಿಲ್ಲು ಆಗಿದೆಯೇ ಎಂದು ಮಾಹಿತಿ ಹಕ್ಕಿನಲ್ಲಿ ಕೇಳಬೇಕೆಂದಿದ್ದೇನೆ. ಉತ್ತರಕ್ಕೆ 30 ದಿನದ ಗಡುವು ಅಲ್ಲವೇ? ಅರ್ಜಿಯನ್ನು ಸದಸ್ಯೆಯಾಗಿ ಹಾಕಲೇ, ಸಾಮಾನ್ಯ ನಾಗರಿಕಳಾಗಿ ಹಾಕಲೇ?