ಪಹಣಿಯಲ್ಲಿ ನಮ್ಮ ಹೆಸರು, ಅಧಿಸೂಚನೆಯಲ್ಲಿ ಅರಣ್ಯ: ಜಮೀನು ಯಾರದು?

ಪ್ರಶ್ನೆ: ಮಲೆನಾಡಿನ ಅಡಿಕೆ ಬೆಳೆಗಾರ

ಮಾನ್ಯರೇ, ನಮ್ಮ ಅಜ್ಜ ಗೇಣಿಗೆ ಮಾಡುತ್ತಿದ್ದ ಜಮೀನಿಗೆ ಭೂ ನ್ಯಾಯಮಂಡಳಿಯ ಆದೇಶದಿಂದ ಅಧಿಭೋಗದಾರಿಕೆ ಹಕ್ಕು (ಗೇಣಿದಾರನಿಗೆ ಸಿಗುವ ಒಡೆತನದ ಹಕ್ಕು) ದೊರೆತಿದ್ದು, ಅದರ ನಮೂನೆ 10ರ ಪ್ರಮಾಣಪತ್ರ ನಮ್ಮ ಬಳಿ ಇದೆ. ಮೂರು ಎಕರೆ ಅಡಿಕೆ ತೋಟ, ಅದರ ಮೇಲ್ಭಾಗದಲ್ಲಿ ಸುಮಾರು ಒಂದು ಎಕರೆ ಮರಗಳಿರುವ ಇಳಿಜಾರು. ಪಹಣಿಯ 9ನೇ ಕಾಲಂನಲ್ಲಿ ತಂದೆಯವರ ಹೆಸರಿದೆ, ಕಂದಾಯವನ್ನು ತಪ್ಪದೆ ಕಟ್ಟುತ್ತಾ ಬಂದಿದ್ದೇವೆ. ಬೆಳೆ ಸಾಲಕ್ಕೆಂದು ಹೊಸ ಪಹಣಿ ತೆಗೆಸಿದಾಗ 11ನೇ ಕಾಲಂನಲ್ಲಿ ‘ಅರಣ್ಯ, ಕಲಂ 4’ ಎಂಬ ನಮೂದು ಕಂಡಿತು. ವಿಚಾರಿಸಿದರೆ, ಪ್ರಮಾಣಪತ್ರ ದೊರೆತ ಎಷ್ಟೋ ವರ್ಷಗಳ ನಂತರ ಹೊರಟ ಅಧಿಸೂಚನೆಯೊಂದರಲ್ಲಿ ನಮ್ಮ ಸರ್ವೆ ನಂಬರನ್ನು ಇಡಿಯಾಗಿ ಸೇರಿಸಲಾಗಿದೆಯಂತೆ. ಈಗ ಕರ್ನಾಟಕ ಅರಣ್ಯ ಕಾಯ್ದೆಯ ಕಲಂ 64ಎ ಅಡಿಯಲ್ಲಿ ತೆರವಿನ ನೋಟಿಸೂ ಬಂದಿದೆ. ಅಧಿಸೂಚನೆಯಾದ ಮಾತ್ರಕ್ಕೆ ಜಮೀನು ಸರ್ಕಾರದ್ದಾಗುತ್ತದೆಯೇ? ಬಗರ್ ಹುಕುಂ ಅರ್ಜಿ ಹಾಕಿ ಸಕ್ರಮ ಮಾಡಿಸಿಕೊಳ್ಳಿ ಎಂದು ಕೆಲವರು ಸಲಹೆ ನೀಡುತ್ತಿದ್ದಾರೆ, ಅದು ಸರಿಯೇ?

ಉತ್ತರ 1: ವಕೀಲರು

ಮೊದಲು ಕೊನೆಯ ಪ್ರಶ್ನೆಗೆ ಉತ್ತರಿಸುತ್ತೇನೆ: ದಯವಿಟ್ಟು ಆ ಅರ್ಜಿ ಹಾಕಬೇಡಿ. ಬಗರ್ ಹುಕುಂ ಅರ್ಜಿ ಎಂದರೆ ‘ಇದು ಸರ್ಕಾರದ ಜಮೀನು, ನಾನು ಅನಧಿಕೃತವಾಗಿ ಸಾಗುವಳಿ ಮಾಡುತ್ತಿದ್ದೇನೆ’ ಎಂದು ನೀವೇ ಸಹಿ ಹಾಕಿ ಕೊಟ್ಟಂತೆ. ಹಿಡುವಳಿ ಜಮೀನಿಗೆ ಅಂಥ ಅರ್ಜಿ ಹಾಕಿದವರು ಮುಂದೆ ಸಿವಿಲ್ ದಾವೆಯಲ್ಲಿ ಆ ಒಂದೇ ಕಾಗದಕ್ಕೆ ಸಮಜಾಯಿಷಿ ಕೊಡುತ್ತಾ ಕೂರಬೇಕಾಗುತ್ತದೆ.

ಇನ್ನು ಮೂಲ ವಿಷಯ. ಕರ್ನಾಟಕ ಅರಣ್ಯ ಕಾಯ್ದೆ, 1963ರ ಕಲಂ 3ರ ಪ್ರಕಾರ ಸರ್ಕಾರ ತನ್ನ ಅಧೀನದಲ್ಲಿರುವ ಜಮೀನನ್ನು ಮಾತ್ರ ಮೀಸಲು ಅರಣ್ಯವನ್ನಾಗಿ ಮಾಡಬಹುದು. ಕಲಂ 4ರ ಅಧಿಸೂಚನೆ ಆ ಪ್ರಕ್ರಿಯೆಯ ಮೊದಲ ಹಂತ. ಅದರಲ್ಲಿ ಗಡಿಯನ್ನು ಹೇಳಿ ಅರಣ್ಯ ವ್ಯವಸ್ಥಾಪನಾಧಿಕಾರಿಯನ್ನು ನೇಮಿಸಲಾಗುತ್ತದೆ. ನಮ್ಮಲ್ಲಿ ಸಾಮಾನ್ಯವಾಗಿ ಉಪವಿಭಾಗಾಧಿಕಾರಿಯವರೇ ಆ ಹೊಣೆ ಹೊತ್ತಿರುತ್ತಾರೆ. ಅವರು ಉದ್ಘೋಷಣೆ ಹೊರಡಿಸಿ, ಹಕ್ಕುದಾರರ ಕ್ಲೇಮುಗಳನ್ನು ಆಲಿಸಿ, ಹಕ್ಕು ಸಾಬೀತಾದರೆ ಒಂದೋ ಆ ಜಮೀನನ್ನು ಗಡಿಯಿಂದ ಕೈಬಿಡಬೇಕು, ಇಲ್ಲವೇ ಪರಿಹಾರ ಕೊಟ್ಟು ಭೂಸ್ವಾಧೀನ ಮಾಡಿಕೊಳ್ಳಬೇಕು. ಇವೆಲ್ಲ ಮುಗಿದ ಮೇಲೆ ಕಲಂ 17ರ ಅಂತಿಮ ಅಧಿಸೂಚನೆ ಹೊರಟಾಗಲೇ ಮೀಸಲು ಅರಣ್ಯವಾಗುವುದು. ರಾಜ್ಯದಲ್ಲಿ ಕಲಂ 4 ಆಗಿ ದಶಕಗಳು ಕಳೆದರೂ ಕಲಂ 17 ಆಗದೆ ನಿಂತಿರುವ ಕಡತಗಳು ಬೇಕಾದಷ್ಟಿವೆ, ಮಲೆನಾಡಿನ ಅರ್ಧ ತಕರಾರು ಹುಟ್ಟಿರುವುದೇ ಈ ನಡುವಿನ ಅವಧಿಯಲ್ಲಿ.

ಇದೇ ಬಗೆಯ ಪ್ರಶ್ನೆ ಮಹಾರಾಷ್ಟ್ರದಿಂದ ಸುಪ್ರೀಂ ಕೋರ್ಟಿಗೆ ಹೋಗಿತ್ತು. ಅಲ್ಲಿನ 1975ರ ಖಾಸಗಿ ಅರಣ್ಯ ಸ್ವಾಧೀನ ಕಾಯ್ದೆಯ ಪ್ರಕಾರ, 1927ರ ಭಾರತೀಯ ಅರಣ್ಯ ಕಾಯ್ದೆಯ ಕಲಂ 35(3)ರ ನೋಟಿಸ್ (ಖಾಸಗಿ ಅರಣ್ಯದ ಬಳಕೆಯನ್ನು ನಿರ್ಬಂಧಿಸುವ ಮುನ್ನ ಮಾಲೀಕನಿಗೆ ಕೊಡುವ ನೋಟಿಸ್) ಹೊರಟಿದ್ದ ಜಮೀನುಗಳೂ ಖಾಸಗಿ ಅರಣ್ಯವೆನಿಸಿ ಸರ್ಕಾರದಲ್ಲಿ ನಿಹಿತವಾಗುತ್ತಿದ್ದವು. 1950ರ ದಶಕದಲ್ಲಿ ಹೊರಟು ಮುಂದೇನೂ ಆಗದೆ ಉಳಿದಿದ್ದ ನೋಟಿಸುಗಳನ್ನು ಹಿಡಿದು ಮುಂಬೈನ ವಿಕ್ರೋಲಿ, ಮುಲುಂಡ್ ಮುಂತಾದೆಡೆ, ಅಷ್ಟರಲ್ಲಿ ವಸತಿ ಸಮುಚ್ಚಯಗಳೇ ಎದ್ದಿದ್ದ ಜಾಗಗಳನ್ನೂ, ಅರಣ್ಯವೆಂದು ನಮೂದಿಸಲಾಯಿತು. ಬಾಂಬೆ ಹೈಕೋರ್ಟ್ 2008ರಲ್ಲಿ ಸರ್ಕಾರದ ಪರ ತೀರ್ಪಿತ್ತರೆ, ಸುಪ್ರೀಂ ಕೋರ್ಟ್ ಗೋದ್ರೇಜ್ ಮತ್ತು ಬಾಯ್ಸ್ ಪ್ರಕರಣದಲ್ಲಿ 2014ರ ಜನವರಿ 30ರಂದು ಅದನ್ನು ತಳ್ಳಿಹಾಕಿತು. ನೋಟಿಸನ್ನು ಬರೆದಿಟ್ಟರೆ ಸಾಲದು, ಮಾಲೀಕನಿಗೆ ಜಾರಿಯಾಗಿರಬೇಕು. ದಶಕಗಳ ಕಾಲ ಮಲಗಿದ್ದ ನೋಟಿಸಿನ ಬಲದಿಂದ ಹಕ್ಕು ಕಸಿಯಲಾಗದು ಎಂಬುದು ಅದರ ತಿರುಳು. ಆ ಕಾಯ್ದೆಯೇ ಬೇರೆಯಾದ್ದರಿಂದ ನಿಮ್ಮ ಪ್ರಕರಣಕ್ಕೆ ತೀರ್ಪು ನೇರವಾಗಿ ಅನ್ವಯಿಸುವುದಿಲ್ಲವಾದರೂ ವಾದಕ್ಕೆ ಒಳ್ಳೆಯ ಆಧಾರ.

ಉತ್ತರ 2: ನಿವೃತ್ತ ಭೂಮಾಪಕ

ವಕೀಲರು ಹೇಳಿದ್ದಕ್ಕೆ ಒಂದು ಮಾತು ಸೇರಿಸುತ್ತೇನೆ. ಅಧಿಸೂಚನೆಯಲ್ಲಿ ಬರೀ ಸರ್ವೆ ನಂಬರ್ ನೋಡಿದರೆ ಸಾಲದು, ಅದರಲ್ಲಿರುವ ವಿಸ್ತೀರ್ಣವನ್ನೂ ನಾಲ್ಕು ದಿಕ್ಕಿನ ಚೆಕ್‌ಬಂದಿಯನ್ನೂ ಓದಿ. ಗೋಮಾಳವೂ ಹಿಡುವಳಿಯೂ ಒಂದೇ ನಂಬರಿನಲ್ಲಿದ್ದು, ಪೋಡಿಯಾಗದೆ (ಅಳತೆ ಮಾಡಿ ಬೇರೆ ಬೇರೆ ನಂಬರಾಗಿ ವಿಂಗಡಿಸದೆ) ಉಳಿದ ಕಾರಣಕ್ಕೆ ಇಡೀ ನಂಬರ್ ಪಟ್ಟಿಗೆ ಸೇರಿರುವುದುಂಟು. ಆಕಾರ್‌ಬಂದ್ (ಸರ್ವೆ ನಂಬರಿನ ವಿಸ್ತೀರ್ಣ, ಕಂದಾಯದ ದಾಖಲೆ), ಟಿಪ್ಪಣಿ (ಅಳತೆಯ ಮೂಲ ನಕ್ಷೆ) ಮತ್ತು ಗ್ರಾಮ ನಕ್ಷೆಯ ದೃಢೀಕೃತ ಪ್ರತಿಗಳನ್ನು ಪಡೆದು, ಕಂದಾಯ ಮತ್ತು ಅರಣ್ಯ ಇಲಾಖೆಗಳ ಜಂಟಿ ಸರ್ವೆಗೆ ಲಿಖಿತವಾಗಿ ಮನವಿ ಕೊಡಿ. ಸ್ವೀಕೃತಿ ಪಡೆಯದೆ ಯಾವ ಕಾಗದವನ್ನೂ ಕೊಡಬೇಡಿ.

ಉತ್ತರ 3: ಪರಿಸರಾಸಕ್ತ

ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಪಹಣಿಯಲ್ಲಿ ಹೆಸರಿದೆ ಎಂಬುದರಿಂದಲೇ ಹಕ್ಕು ಸಿದ್ಧವಾಗುವುದಿಲ್ಲ. ಭೂ ಕಂದಾಯ ಕಾಯ್ದೆಯ ಕಲಂ 133 ಪಹಣಿಯ ನಮೂದು ನಿಜವೆಂದು ಭಾವಿಸಿಕೊಳ್ಳುತ್ತದೆಯಾದರೂ ಅದು ವಿರುದ್ಧ ಸಾಕ್ಷ್ಯ ಬರುವವರೆಗೆ ಮಾತ್ರ. ಕಲಂ 4 ಆದ ನಂತರ ಕಾಡಿನೊಳಗೆ ಮಂಜೂರಾತಿ ಸೃಷ್ಟಿಸಿದ ಉದಾಹರಣೆಗಳಿರುವುದರಿಂದಲೇ ಅರಣ್ಯಾಧಿಕಾರಿಗಳು ಪ್ರತಿಯೊಂದು ಪತ್ರವನ್ನೂ ಸಂಶಯದಿಂದ ನೋಡುತ್ತಾರೆ.

ಜೊತೆಗೆ, ಜಮೀನು ನಿಮ್ಮದೆಂದು ತೀರ್ಮಾನವಾದರೂ ಅದು ‘ಅರಣ್ಯ’ವಲ್ಲ ಎಂದಾಗುವುದಿಲ್ಲ. ಗೋದಾವರ್ಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ 1996ರ ಡಿಸೆಂಬರ್ 12ರ ಆದೇಶ, ಮಾಲೀಕರು ಯಾರೇ ಇರಲಿ, ಸರ್ಕಾರಿ ದಾಖಲೆಯಲ್ಲಿ ಅರಣ್ಯವೆಂದಿರುವ ಪ್ರದೇಶಕ್ಕೂ ನಿಘಂಟಿನ ಅರ್ಥದಲ್ಲಿ ಅರಣ್ಯವಾಗಿರುವ ಪ್ರದೇಶಕ್ಕೂ 1980ರ ಅರಣ್ಯ ಸಂರಕ್ಷಣಾ ಕಾಯ್ದೆ (ಕೇಂದ್ರದ ಅನುಮತಿಯಿಲ್ಲದೆ ಅರಣ್ಯವನ್ನು ಬೇರೆ ಉದ್ದೇಶಕ್ಕೆ ಬಳಸಲು ಬಿಡದ ಕಾಯ್ದೆ) ಅನ್ವಯಿಸುತ್ತದೆ ಎಂದಿತು. 2023ರ ತಿದ್ದುಪಡಿ ಈ ವ್ಯಾಪ್ತಿಯನ್ನು ಕಿರಿದುಗೊಳಿಸಿದರೂ, 2024ರ ಫೆಬ್ರುವರಿ 19ರ ಮಧ್ಯಂತರ ಆದೇಶದಲ್ಲಿ ಸುಪ್ರೀಂ ಕೋರ್ಟ್ ಹಳೆಯ ಅರ್ಥವನ್ನೇ ಸದ್ಯಕ್ಕೆ ಪಾಲಿಸುವಂತೆ ಹೇಳಿತು. ಆದ್ದರಿಂದ ತೋಟದ ಮಾತು ಬೇರೆ, ಮೇಲಿನ ಮರಗಳ ಇಳಿಜಾರಿನ ಮಾತು ಬೇರೆ. ಅಲ್ಲಿ ಮರ ಕಡಿಯಬೇಕಾದರೆ 1976ರ ಮರ ಸಂರಕ್ಷಣಾ ಕಾಯ್ದೆಯಡಿ ಅನುಮತಿಯೂ ಬೇಕು.

ಪ್ರಶ್ನೆ ಕೇಳಿದವರು

ಎಲ್ಲರಿಗೂ ಧನ್ಯವಾದಗಳು. ನ್ಯಾಯಮಂಡಳಿಯ ಆದೇಶದ ಮೂಲ ಕಡತ ತಾಲ್ಲೂಕು ಕಚೇರಿಯ ದಾಖಲೆ ಕೊಠಡಿಯಲ್ಲಿರುವುದು ಖಚಿತವಾಯಿತು. ಕ್ಲೇಮು ಸಲ್ಲಿಸುವ ಗಡುವು ಮುಗಿದಿದೆ ಎಂದು ಹೇಳುತ್ತಿದ್ದಾರೆ. ನಮಗಂತೂ ಉದ್ಘೋಷಣೆಯ ಸುದ್ದಿಯೇ ತಿಳಿದಿರಲಿಲ್ಲ.

ಉತ್ತರ 1ರ ವಕೀಲರು

ಆ ಕಡತದ ದೃಢೀಕೃತ ಪ್ರತಿಯೇ ನಿಮ್ಮ ಮುಖ್ಯ ಬಲ, ಏಕೆಂದರೆ ಹಕ್ಕು ಅಧಿಸೂಚನೆಗಿಂತ ಮೊದಲೇ ಹುಟ್ಟಿದೆ ಎಂಬುದನ್ನು ಅದು ತೋರಿಸುತ್ತದೆ. ಉದ್ಘೋಷಣೆ ನಿಮ್ಮ ಗ್ರಾಮದಲ್ಲಿ ಯಾವ ದಿನ, ಹೇಗೆ ಪ್ರಕಟವಾಯಿತೆಂಬ ದಾಖಲೆಯನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ. 64ಎ ನೋಟಿಸಿಗೆ ಮಾತ್ರ ತಡ ಮಾಡದೆ ಉತ್ತರ ಕೊಡಿ. ಸಹಾಯಕ ಅರಣ್ಯ ಸಂರಕ್ಷಣಾಧಿಕಾರಿ ದರ್ಜೆಗಿಂತ ಕೆಳಗಿನವರು ಆ ಆದೇಶ ಮಾಡುವಂತಿಲ್ಲ, ನಿಮ್ಮ ಅಹವಾಲು ಕೇಳದೆಯೂ ಮಾಡುವಂತಿಲ್ಲ. ಕಲಂ 17 ಆಗಿಲ್ಲ ಎಂಬುದನ್ನೂ ಜಂಟಿ ಸರ್ವೆ ಕೋರಿರುವುದನ್ನೂ ಉತ್ತರದಲ್ಲಿ ಬರೆಯಿರಿ. ಅವರು ಕೇಳದೆ ಆದೇಶ ಮಾಡಿದರೆ ಹೈಕೋರ್ಟಿಗೆ ರಿಟ್ ಹೋಗಬಹುದು. ಆದರೆ ಗಡಿ ಮತ್ತು ಮಾಲೀಕತ್ವದ ತಕರಾರನ್ನು ರಿಟ್‌ನಲ್ಲಿ ಸಾಮಾನ್ಯವಾಗಿ ತೀರ್ಮಾನಿಸುವುದಿಲ್ಲ, ಅದಕ್ಕೆ ಸಾಕ್ಷ್ಯ ವಿಚಾರಣೆ ಬೇಕು. ಮೇಲಿನ ಇಳಿಜಾರಿನಲ್ಲಿ ಪ್ರಕರಣ ಮುಗಿಯುವವರೆಗೆ ಒಂದು ಕೊಂಬೆಯನ್ನೂ ಕಡಿಸಬೇಡಿ.